ಹಾಲು ಒಗ್ಗಲ್ಲ, ಮಜ್ಜಿಗೆ ಒಗ್ಗುತ್ತೆ

ಮೊದಲ ಕೆಲಸಕ್ಕೆ ಅಂತ ಗುರುಗ್ರಾಮಕ್ಕೆ ಹೋದಾಗ ನನ್ನ ರೂಮಿನಲ್ಲಿದ್ದವನು ಹರಿಯಾಣದ ರೋಹ್ತಕ್ ಕಡೆಯ ಹುಡುಗ. ರಾತ್ರಿ ಊಟ ಆದಮೇಲೆ ಒಂದು ಲೀಟರ್ ಎಮ್ಮೆ ಹಾಲು ಕಾಯಿಸಿ, ದೊಡ್ಡ ಸ್ಟೀಲ್ ಲೋಟಕ್ಕೆ ಸುರಿದುಕೊಂಡು, ನಿಂತಲ್ಲೇ ಗಟಗಟ ಕುಡಿದು, ಮೀಸೆ ಒರೆಸಿಕೊಂಡು ಮಲಗುತ್ತಿದ್ದ. ಐದು ನಿಮಿಷಕ್ಕೆ ಗೊರಕೆ. ಒಂದು ದಿನ ನಾನೂ ಹುರುಪಿಗೆ ಬಿದ್ದು ಅರ್ಧ ಲೀಟರ್ ಕುಡಿದೆ. ರಾತ್ರಿ ಎರಡು ಗಂಟೆಗೆ ಹೊಟ್ಟೆಯೊಳಗೆ ಗುಡುಗುಡು ಶುರುವಾಯಿತು. ಬೆಳಗಾಗುವುದರೊಳಗೆ ನಾಲ್ಕು ಸಲ ಬಾತ್‌ರೂಮಿಗೆ ಓಡಿದ್ದೆ. "ನಿಮ್ಮ ಸೌತ್‌ನವರ ಹೊಟ್ಟೆ ವೀಕು ಭಾಯಿ" ಅಂದ. ನಾನೂ ಸುಮಾರು ವರ್ಷ ಅದನ್ನೇ ನಂಬಿಕೊಂಡಿದ್ದೆ.

ವಿಚಿತ್ರ ಅಂದರೆ, ನಮ್ಮ ಮನೆಯಲ್ಲಿ ಹಾಲಿಗೇನೂ ಬರ ಇರಲಿಲ್ಲ. ತಿಪಟೂರಿನ ಹತ್ತಿರ ನಮ್ಮೂರು. ಕೊಟ್ಟಿಗೆಯಲ್ಲಿ ಯಾವಾಗಲೂ ಎರಡು ಹಸು ಇರುತ್ತಿದ್ದವು. ಆದರೆ ದೊಡ್ಡವರು ಯಾರೂ ಬರೀ ಹಾಲು ಕುಡಿದಿದ್ದು ನನಗೆ ನೆನಪಿಲ್ಲ. ಕಾಫಿಗೆ ಒಂಚೂರು, ಅಷ್ಟೇ. ಉಳಿದಿದ್ದನ್ನೆಲ್ಲ ಅಜ್ಜಿ ಸಂಜೆ ಕಾಯಿಸಿ, ಬೆರಳು ಅದ್ದಿ ಬಿಸಿ ನೋಡಿ, ಒಂದು ಚಮಚ ಹೆಪ್ಪು ಹಾಕಿ ಮುಚ್ಚಿಡುತ್ತಿದ್ದಳು. ಚಳಿಗಾಲ ಬಂದರೆ ಪಾತ್ರೆಯನ್ನು ಆರಿದ ಒಲೆಯ ಪಕ್ಕ ಇಟ್ಟು ಗೋಣಿಚೀಲ ಹೊದಿಸುವುದು, ಮಗು ಮಲಗಿಸಿದ ಹಾಗೆ. ಬೆಳಿಗ್ಗೆ ಕಡಗೋಲು. ಬೆಣ್ಣೆ ಬೇರೆ, ಮಜ್ಜಿಗೆ ಬೇರೆ. ಆ ಮಜ್ಜಿಗೆಗೆ ಎರಡರಷ್ಟು ನೀರು, ಉಪ್ಪು, ಚೂರು ಇಂಗು. ಇದನ್ನು ಎಷ್ಟು ಕುಡಿದರೂ ನನ್ನ ಹೊಟ್ಟೆ ಒಂದು ದಿನವೂ ತಕರಾರು ಮಾಡಿಲ್ಲ.

ಹಾಗಾದರೆ ಹಾಲಿನಲ್ಲಿ ಏನಿದೆ? ಲ್ಯಾಕ್ಟೋಸ್ ಅನ್ನುವ ಸಕ್ಕರೆ. ಒಂದು ದೊಡ್ಡ ಲೋಟದಲ್ಲಿ, ಅಂದರೆ 250 ಮಿಲಿ ಹಾಲಿನಲ್ಲಿ, ಸುಮಾರು 12 ಗ್ರಾಂ. ಇದನ್ನು ಒಡೆಯುವುದಕ್ಕೆ ಸಣ್ಣ ಕರುಳಿನಲ್ಲಿ ಲ್ಯಾಕ್ಟೇಸ್ ಅನ್ನುವ ಕಿಣ್ವ ಬೇಕು. ಕರು, ನಾಯಿಮರಿ, ಮನುಷ್ಯನ ಕೂಸು, ಎಲ್ಲಕ್ಕೂ ಹುಟ್ಟುವಾಗ ಅದು ಇರುತ್ತೆ. ತಾಯಿಹಾಲು ಬಿಟ್ಟಮೇಲೆ ದೇಹ ಅದನ್ನು ಮಾಡುವುದನ್ನು ನಿಧಾನಕ್ಕೆ ಕಡಿಮೆ ಮಾಡುತ್ತೆ. ಇನ್ನು ಮುಂದೆ ಕುಡಿಯದ ಹಾಲಿಗೆ ಕಿಣ್ವ ಯಾಕೆ, ಅಲ್ವಾ? ಒಡೆಯದೆ ಉಳಿದ ಸಕ್ಕರೆ ದೊಡ್ಡ ಕರುಳಿಗೆ ಇಳಿಯುತ್ತೆ, ಜೊತೆಗೆ ನೀರನ್ನೂ ಎಳೆದುಕೊಳ್ಳುತ್ತೆ. ಅಲ್ಲಿ ಕೂತ ಬ್ಯಾಕ್ಟೀರಿಯಾಗಳಿಗೆ ಹಬ್ಬ. ಗ್ಯಾಸು, ಹೈಡ್ರೋಜನ್ನು, ಗುಡುಗುಡು. ಆ ಹೈಡ್ರೋಜನ್ ರಕ್ತಕ್ಕೆ ಸೇರಿ ಉಸಿರಿನಲ್ಲಿ ಹೊರಗೆ ಬರುತ್ತೆ. ಅದಕ್ಕೇ ಇದಕ್ಕೆ ಉಸಿರು ಊದಿಸಿ ಟೆಸ್ಟ್ ಮಾಡುತ್ತಾರೆ. ನನಗೂ ಮಾಡಿಸಿದರು. ಕುಡಿದು ಗಾಡಿ ಓಡಿಸಿ ಪೊಲೀಸರಿಗೆ ಸಿಕ್ಕಿಬಿದ್ದವನ ಹಾಗೆ ಊದಿ ಊದಿ ಸಾಕಾಯಿತು.

ಡಾಕ್ಟರು ರಿಪೋರ್ಟ್ ನೋಡಿ "ಲ್ಯಾಕ್ಟೋಸ್ ಇನ್‌ಟಾಲರೆನ್ಸ್" ಅಂದರು. ಕೇಳಿದರೆ ಕಾಯಿಲೆ ಅನಿಸುತ್ತೆ. ಆಮೇಲೆ ಓದಿ ನೋಡಿದರೆ ಪ್ರಪಂಚದ ದೊಡ್ಡವರಲ್ಲಿ ಹೆಚ್ಚುಕಡಿಮೆ ಮೂರರಲ್ಲಿ ಎರಡು ಪಾಲು ಜನ ನನ್ನ ಹಾಗೇ. 1960ರ ದಶಕದವರೆಗೂ ಅಮೆರಿಕ, ಯುರೋಪಿನ ವೈದ್ಯರು ದೊಡ್ಡವರಿಗೆ ಹಾಲು ಅರಗುವುದೇ ಸಹಜ, ಅರಗದಿದ್ದರೆ ಏನೋ ಐಬು ಅಂದುಕೊಂಡಿದ್ದರು. ಯಾಕೆಂದರೆ ಅವರಿಗೆ ಅರಗುತ್ತಿತ್ತು! ಹೆಸರಿಡುವ ಹಕ್ಕು ಕುಡಿಯುವವರ ಕೈಲಿತ್ತು. ಈಗ ಜೀವಶಾಸ್ತ್ರದವರು ತಿರುಗಿಸಿ ನೋಡುತ್ತಾರೆ. ಕಿಣ್ವ ನಿಲ್ಲುವುದು ಹಳೆಯ ಪದ್ಧತಿ, ದೊಡ್ಡವರಾದ ಮೇಲೂ ನಿಲ್ಲದೆ ಉಳಿಯುವುದು ಹೊಸ ವಿಷಯ. ಅಂದರೆ ನನ್ನ ರೂಮ್‌ಮೇಟೇ ವಿಶೇಷ ಕೇಸು, ನಾನು ಮಾಮೂಲಿ.

ಆ ಹೊಸತು ಹೇಗೆ ಬಂತು ಅನ್ನುವುದು ಇನ್ನೂ ಮಜಾ. ಫಿನ್‌ಲೆಂಡಿನ ವಿಜ್ಞಾನಿಗಳು 2002ರಲ್ಲಿ ಇದರ ಗುಟ್ಟು ಹಿಡಿದರು. ನಮ್ಮ ಡಿಎನ್ಎ ಅಂದರೆ ಎ, ಸಿ, ಜಿ, ಟಿ ಅನ್ನುವ ನಾಲ್ಕೇ ಅಕ್ಷರಗಳಲ್ಲಿ ಬರೆದ ಉದ್ದದ ಬರಹ, ಜೀನು ಅದರಲ್ಲಿ ಒಂದು ತುಂಡು. ಲ್ಯಾಕ್ಟೇಸ್ ಮಾಡಿಸುವ ಜೀನಿನಲ್ಲಿ ಏನೂ ಬದಲಾಗಿಲ್ಲ. ಅದರಿಂದ ಸುಮಾರು 14 ಸಾವಿರ ಅಕ್ಷರ ಆಚೆ, ಪಕ್ಕದ ಇನ್ನೊಂದು ಜೀನಿನೊಳಗೆ ಒಂದೇ ಒಂದು ಅಕ್ಷರ ಬದಲಾಗಿದೆ. ಸಿ ಇದ್ದ ಜಾಗದಲ್ಲಿ ಟಿ. ನಮ್ಮ ಮನೆಯ ಬಲ್ಬಿಗೆ ಪಕ್ಕದ ಮನೆಯಲ್ಲಿ ಸ್ವಿಚ್ಚು ಇದ್ದ ಹಾಗೆ. ಆ ಒಂದಕ್ಷರ ಅಪ್ಪನಿಂದಲೋ ಅಮ್ಮನಿಂದಲೋ ಸಿಕ್ಕರೆ ಸಾಕು, ಸ್ವಿಚ್ಚು ಆಫ್ ಆಗುವುದೇ ಇಲ್ಲ. ಪೂರ್ವ ಆಫ್ರಿಕಾದ ದನಗಾಹಿಗಳಲ್ಲೂ ಹಾಲು ಅರಗುತ್ತೆ, ಆದರೆ ಅಲ್ಲಿ ಬದಲಾದ ಅಕ್ಷರಗಳೇ ಬೇರೆ ಅಂತ 2007ರಲ್ಲಿ ಗೊತ್ತಾಯಿತು. ಒಂದೇ ಬೀಗಕ್ಕೆ ಬೇರೆ ಬೇರೆ ಊರಿನವರು ಬೇರೆ ಬೇರೆ ಕೀಲಿ ಮಾಡಿಕೊಂಡಿದ್ದಾರೆ.

ಭಾರತದ್ದೇನು? 2,284 ಜನರ ಡಿಎನ್ಎ ನೋಡಿದ ಒಂದು ಅಧ್ಯಯನ 2012ರಲ್ಲಿ ಬಂತು. ನಮ್ಮಲ್ಲಿ ದನ ಸಾಕಣೆ ಸಿಂಧೂ ಬಯಲಿನ ಕಡೆ ಬೇರೆಯಾಗಿಯೇ ಶುರುವಾಗಿದ್ದರಿಂದ, ಅಕ್ಷರವೂ ನಮ್ಮದೇ ಬೇರೆ ಇರಬಹುದು ಅನ್ನುವ ಅನುಮಾನ ಅವರಿಗಿತ್ತು. ಇರಲಿಲ್ಲ. ಯುರೋಪಿನಲ್ಲಿ ಇರುವ ಅದೇ ಟಿ, ಅದೇ ಒಂದು ಮೂಲದಿಂದ ಬಂದಿದ್ದು. ವಾಯವ್ಯದಲ್ಲಿ ಜಾಸ್ತಿ, ದಕ್ಷಿಣಕ್ಕೂ ಪೂರ್ವಕ್ಕೂ ಬರುತ್ತಾ ಕಡಿಮೆ. ಅಲ್ಲಿಗೆ ಹಾಲಿನ ವಿಷಯದಲ್ಲಿ ನನ್ನ ರೋಹ್ತಕ್ ಗೆಳೆಯ ನನಗಿಂತ ಐರ್ಲೆಂಡಿನವನಿಗೆ ಹತ್ತಿರ. (ಇದನ್ನು ಹಿಡಿದುಕೊಂಡು ಕುಲ, ಜಾತಿಯ ಮೇಲುಕೀಳು ಶುರು ಮಾಡಬೇಡಿ. ಮೂರು ನೂರು ಕೋಟಿ ಅಕ್ಷರಗಳಲ್ಲಿ ಇದು ಒಂದಕ್ಷರ.) ದಕ್ಷಿಣ ಅಂದಕೂಡಲೇ ಎಲ್ಲರೂ ಒಂದೇ ಅಂತಲೂ ಅಲ್ಲ. ನೀಲಗಿರಿಯ ತೋಡರು ಎಮ್ಮೆಗಳನ್ನೇ ನಂಬಿ ಬದುಕಿದವರು, ಅವರಲ್ಲಿ ಈ ಟಿ ತುಂಬಾ ಜಾಸ್ತಿ.

ನನಗೆ ತಲೆ ಕೆಡಿಸಿದ್ದು ಇಲ್ಲಿ. ನಮ್ಮ ಕಡೆ ದನ ಏನು ನಿನ್ನೆ ಮೊನ್ನೆ ಬಂದದ್ದಾ? ಬಳ್ಳಾರಿ ಹತ್ತಿರದ ಕುಡತಿನಿಯಲ್ಲಿ, ಯಾದಗಿರಿ ಜಿಲ್ಲೆಯ ಬೂದಿಹಾಳದಲ್ಲಿ ಬೂದಿಗುಡ್ಡಗಳಿವೆ. ಹಂಪಿ ಹತ್ತಿರ ನಿಂಬಾಪುರದ್ದನ್ನು ಜನ ವಾಲಿಯನ್ನು ಸುಟ್ಟ ಬೂದಿ ಅನ್ನುತ್ತಾರೆ. ಅಗೆದು ನೋಡಿದವರು ಹೇಳುವ ಪ್ರಕಾರ ಅವು ನಾಲ್ಕೈದು ಸಾವಿರ ವರ್ಷದ ಹಿಂದಿನ ದನದ ದೊಡ್ಡಿಗಳು. ಗುಡ್ಡೆ ಬಿದ್ದ ಸಗಣಿಗೆ ಮತ್ತೆ ಮತ್ತೆ ಬೆಂಕಿ ಇಟ್ಟು ಆದ ಬೂದಿ. ಈಗ ತೆಲಂಗಾಣದಲ್ಲಿರುವ ಉಟ್ನೂರಿನ ಗುಡ್ಡದಲ್ಲಿ ದನದ ಗೊರಸಿನ ಗುರುತೂ ಸಿಕ್ಕಿದೆ. ಇಷ್ಟು ಕಾಲ ದನದ ಜೊತೆ ಬದುಕಿಯೂ ನಮ್ಮಲ್ಲಿ ಆ ಅಕ್ಷರ ಯಾಕೆ ಹಬ್ಬಲಿಲ್ಲ?

ಯುರೋಪಿನ ಕಥೆ ಇದಕ್ಕೆ ಸ್ವಲ್ಪ ದಾರಿ ತೋರಿಸುತ್ತೆ. ಅಲ್ಲಿನ ಹಳೆಯ ಮಡಕೆ ಚೂರುಗಳಲ್ಲಿ ಅಂಟಿದ ಹಾಲಿನ ಕೊಬ್ಬನ್ನು ಹುಡುಕಿ 2022ರಲ್ಲಿ ಒಂದು ದೊಡ್ಡ ಅಧ್ಯಯನ ಮಾಡಿದರು. ಜನ ಸಾವಿರಾರು ವರ್ಷ ಹಾಲು ಬಳಸಿದ್ದಾರೆ, ಆ ಅಕ್ಷರ ಮಾತ್ರ ಅಪರೂಪವಾಗಿಯೇ ಇತ್ತು. ಆಲ್ಪ್ಸ್ ಬೆಟ್ಟದ ಹಿಮದಲ್ಲಿ ಸಿಕ್ಕ 5,300 ವರ್ಷ ಹಳೆಯ ಓಟ್ಸಿ ಅನ್ನುವ ಮನುಷ್ಯನಿಗೂ ಅದು ಇರಲಿಲ್ಲ. ಆರೋಗ್ಯವಾಗಿದ್ದಾಗ ಅರಗದ ಹಾಲು ಕುಡಿದರೆ ಏನಾಗುತ್ತೆ? ನನಗಾದ ಹಾಗೆ ಆಗುತ್ತೆ, ನಾಚಿಕೆ ಬಿಟ್ಟರೆ ನಷ್ಟ ಇಲ್ಲ. ಆದರೆ ಬರ ಬಿದ್ದು, ಬೇರೆ ಏನೂ ಇಲ್ಲದೆ ಹಸಿ ಹಾಲನ್ನೇ ಕುಡಿದು, ಮೊದಲೇ ಸೊರಗಿದವನಿಗೆ ಭೇದಿ ಹತ್ತಿದರೆ ಅವನು ಉಳಿಯಲ್ಲ. ಬರ ಮತ್ತು ರೋಗ ಬಂದಾಗಲೆಲ್ಲ ಆ ಅಕ್ಷರ ಇಲ್ಲದವರು ಜಾಸ್ತಿ ಸತ್ತಿರಬೇಕು ಅನ್ನುವುದು ಅವರ ವಾದ. ವಿಕಾಸ ಅಂದಕೂಡಲೇ ನಾವು ಏನೋ ಮೇಲೇರಿದ ಹಾಗೆ ಮಾತಾಡುತ್ತೇವೆ. 1876-78ರ ಧಾತು ಈಶ್ವರ ಬರದಲ್ಲಿ ಮೈಸೂರು ಸಂಸ್ಥಾನದ ಸುಮಾರು ಐದರಲ್ಲಿ ಒಂದು ಪಾಲು ಜನ ಹೋದರು. ಅಂಥದ್ದು ನೂರಾರು ಸಲ ನಡೆದು, ಉಳಿದವರ ಮಕ್ಕಳ ಲೆಕ್ಕವೇ ಈ ಅಕ್ಷರ. ರೂಮ್‌ಮೇಟ್ ಹಾಲು ಕುಡಿದು ಗೊರಕೆ ಹೊಡೆಯುವುದರ ಹಿಂದೆ ಎಷ್ಟು ಸಾವಿದೆ ಅಂತ ಯೋಚಿಸಿದರೆ ಮೈ ಜುಂ ಅನ್ನುತ್ತೆ.

ನಮ್ಮ ಕಡೆಯ ಉತ್ತರ ಅಜ್ಜಿಯ ಪಾತ್ರೆಯಲ್ಲಿತ್ತು ಅಂತ ನನ್ನ ಅನಿಸಿಕೆ. ನಮ್ಮ ಸೆಕೆಗೆ ಬೆಳಿಗ್ಗೆ ಕರೆದ ಹಾಲು ಸಂಜೆಗೆ ಹುಳಿ. ಹಾಲನ್ನು ಹಾಲಾಗಿಯೇ ಉಳಿಸಿಕೊಳ್ಳುವುದೇ ಕಷ್ಟ. ಹೆಪ್ಪು ಹಾಕಿದರೆ ಬ್ಯಾಕ್ಟೀರಿಯಾ ಲ್ಯಾಕ್ಟೋಸಿನ ಒಂದು ಪಾಲನ್ನು ತಿಂದು ಹುಳಿ ಮಾಡುತ್ತೆ, ಉಳಿದದ್ದನ್ನು ಒಡೆಯುವುದಕ್ಕೆ ನಮ್ಮ ಹೊಟ್ಟೆಯೊಳಗೂ ಸಹಾಯ ಮಾಡುತ್ತೆ. ಮಜ್ಜಿಗೆಗೆ ನೀರು ಬೆರೆಸಿದರೆ ಇನ್ನೂ ತೆಳು. ತುಪ್ಪದಲ್ಲಂತೂ ಆ ಸಕ್ಕರೆ ಇಲ್ಲವೇ ಇಲ್ಲ ಅನ್ನಬಹುದು. ನಮ್ಮ ಕರುಳು ಮಾಡದ ಕೆಲಸವನ್ನು ಪಾತ್ರೆ ಮಾಡಿತು. ಮಂಗೋಲಿಯಾದವರನ್ನು ನೋಡಿ, ಕುದುರೆ ಹಾಲನ್ನೂ ಬಿಡದೆ ಹುಳಿ ಬರಿಸಿ ಕುಡಿಯುವವರು, ಅವರಲ್ಲೂ ಹಾಲು ಅರಗಿಸುವ ಅಕ್ಷರ ತುಂಬಾ ಕಡಿಮೆ. ಕಲಿತದ್ದೂ ತಲೆಮಾರಿನಿಂದ ತಲೆಮಾರಿಗೆ ಇಳಿಯುತ್ತೆ. ಹೆಪ್ಪು ಅಂತೂ ನಿಜವಾಗಿಯೂ ಇಳಿಯುತ್ತೆ, ನಮ್ಮ ಫ್ರಿಜ್ಜಿನಲ್ಲಿರುವ ಮೊಸರು ಅಮ್ಮನ ಮನೆಯಿಂದ ಸ್ಟೀಲ್ ಡಬ್ಬಿಯಲ್ಲಿ ಬಂದದ್ದು.

ಇದನ್ನು ಓದಿ ಮಕ್ಕಳಿಗೆ ಹಾಲು ನಿಲ್ಲಿಸಬೇಡಿ. ಚಿಕ್ಕ ಮಕ್ಕಳಲ್ಲಿ ಕಿಣ್ವ ಇನ್ನೂ ಇರುತ್ತೆ, ನನ್ನಂಥವರಲ್ಲೂ ಹೆಚ್ಚಿನವರು ಒಂದು ಲೋಟ ತಡೆದುಕೊಳ್ಳುತ್ತಾರೆ. ನಮ್ಮ ಶಾಲೆಗಳಲ್ಲಿ 2013ರಿಂದ ಕ್ಷೀರಭಾಗ್ಯದಲ್ಲಿ ಕೊಡುವುದು 150 ಮಿಲಿ, ಅದು ಅಂಥಾ ದೊಡ್ಡ ಪ್ರಮಾಣವಲ್ಲ. ನನ್ನ ತಕರಾರು ಹಾಲಿನ ಮೇಲಲ್ಲ. "ಹಾಲು ಕುಡಿಯದಿದ್ದರೆ ಮೂಳೆ ಮುರಿಯುತ್ತೆ" ಅಂತ ನಲವತ್ತು ವರ್ಷದವನಿಗೂ ಹೆದರಿಸುತ್ತಾರಲ್ಲ, ಅದರ ಮೇಲೆ. ನೂರು ಗ್ರಾಂ ರಾಗಿಯಲ್ಲಿ ನೂರು ಗ್ರಾಂ ಹಾಲಿಗಿಂತ ಕ್ಯಾಲ್ಸಿಯಂ ಜಾಸ್ತಿ ಇದೆ ಸ್ವಾಮಿ.

ಒಂದು ಸಲ ಆ ರೂಮ್‌ಮೇಟ್ ನಮ್ಮೂರ ಜಾತ್ರೆಗೆ ಬಂದಿದ್ದ. ಅಜ್ಜಿ ಆಗ ಇನ್ನೂ ಇದ್ದಳು. ರಾತ್ರಿ ಊಟ ಆದಮೇಲೆ ಅವನು ಹಾಲು ಸಿಗುತ್ತಾ ಅಂತ ಕೇಳಿದ, ಅಜ್ಜಿ ಕಾಫಿಗೆ ಇರಬೇಕು ಅಂತ ಸಣ್ಣ ಲೋಟದಲ್ಲಿ ತಂದಳು, ಅವನು ಒಂದೇ ಗುಟುಕಿಗೆ ಮುಗಿಸಿ ಮತ್ತೆ ಚಾಚಿದ. ಕೊನೆಗೆ ಹೆಪ್ಪು ಹಾಕಲು ಇಟ್ಟ ಇಡೀ ಪಾತ್ರೆಯೇ ಖಾಲಿ. ಅಜ್ಜಿ ಪಾತ್ರೆಯೊಳಗೆ ಒಮ್ಮೆ ಇಣುಕಿದಳು, ಅವನನ್ನು ಒಮ್ಮೆ ನೋಡಿದಳು, ಆಮೇಲೆ ನನ್ನ ಕಡೆ ತಿರುಗಿ "ಕೇಳೋ ಅವನನ್ನ, ಕರುಗೆ ಏನಾದ್ರೂ ಬಿಡ್ತಾನಂತಾ?" ಅಂದಳು. ನಾನು ಹಿಂದಿಗೆ ತರ್ಜುಮೆ ಮಾಡಿ ಹೇಳಿದೆ. ಅವನು ಮೀಸೆ ಒರೆಸಿಕೊಳ್ಳುತ್ತಾ, ಕರು ಎಲ್ಲಿ ಕಟ್ಟಿದ್ದೀರಿ ಅಂತ ಕೇಳಿದ.