50,000 ಸಲ ಸತ್ತ ನಟ

ಮೊನ್ನೆ ಭಾನುವಾರ ಮಧ್ಯಾಹ್ನ ತಮ್ಮನ ಜೊತೆ ‘ದಿ ಲಾಸ್ಟ್ ಸಮುರಾಯ್’ ನೋಡ್ತಾ ಕೂತಿದ್ದೆ. ಮೊದಲೇ ನೋಡಿದ್ದ ಸಿನಿಮಾ. ಆದರೆ ಈ ಸಲ ಟಾಮ್ ಕ್ರೂಸ್ ಹಿಂದೆ ಕಾವಲಿಗೆ ನಡೆಯುವ ವಯಸ್ಸಾದ ಸಮುರಾಯ್ ಯೋಧನ ಮೇಲೇ ನನ್ನ ಕಣ್ಣು. ಮಾತಿಲ್ಲ, ನಗುವಿಲ್ಲ. ಒಳಗೆ ಹೋದ ಕೆನ್ನೆ, ನೆಟ್ಟ ನೋಟ. ಹೆಸರು ಹೇಳದ ಅವನನ್ನು ಕ್ರೂಸ್ ‘ಬಾಬ್’ ಅಂತ ಕರೆಯುತ್ತಾನೆ. ಕೊನೆಯ ಯುದ್ಧದಲ್ಲಿ ಅದೇ ಬಾಬ್ ಅವನನ್ನು ಉಳಿಸಲು ಹೋಗಿ ಪ್ರಾಣ ಬಿಡುತ್ತಾನೆ.

“ಅಕ್ಕಾ, ಯಾರಿವರು?” ಅಂದ ತಮ್ಮ. ಫೋನಿನಲ್ಲಿ ಹುಡುಕಿದೆವು.

ಸೀಜೋ ಫುಕುಮೊಟೊ. ಹುಟ್ಟಿದ್ದು 1943ರಲ್ಲಿ, ಜಪಾನಿನ ಹ್ಯೋಗೊ ಪ್ರಾಂತ್ಯದಲ್ಲಿ. 15ನೇ ವಯಸ್ಸಿಗೇ ಕ್ಯೋಟೋದ ತೋಯೆ ಸ್ಟುಡಿಯೋ ಸೇರಿದರು. ಕತ್ತಿವರಸೆಯ ಸಿನಿಮಾ, ಟಿವಿ ಧಾರಾವಾಹಿಗಳಲ್ಲಿ ಹೀರೋ ಕೈಲಿ ಏಟು ತಿಂದು ಸಾಯುವುದೇ ಅವರ ಕೆಲಸ. ಇಂಥ ನಟರಿಗೆ ಅಲ್ಲಿ ‘ಕಿರಾರೆಯಾಕು’ ಅನ್ನುತ್ತಾರೆ. ಅವರು ತೆರೆ ಮೇಲೆ 50,000 ಸಲ ಸತ್ತಿದ್ದಾರೆ ಅಂತ ಜನ ಹೇಳುತ್ತಾರೆ.

ಅವರು ಬೀಳುವ ದೃಶ್ಯಗಳನ್ನು ಹುಡುಕಿ ನಿಧಾನಕ್ಕೆ ಓಡಿಸಿ ನೋಡಿದೆವು. ಕತ್ತಿ ತಗುಲಿದ ಕೂಡಲೇ ಬೀಳಲ್ಲ. ಒಂದು ಕ್ಷಣ ತಡೆದು ನಿಲ್ಲುತ್ತಾರೆ. ಆಮೇಲೆ ಇಡೀ ಮೈ ಸೀಗಡಿಯ ಹಾಗೆ ಹಿಂದಕ್ಕೆ ಬಾಗುತ್ತದೆ. ತಲೆ ಕೆಳಗಾಗುತ್ತದೆ, ಮುಖ ಮಾತ್ರ ಕ್ಯಾಮೆರಾಕ್ಕೆ ಕಾಣುತ್ತಲೇ ಇರುತ್ತದೆ. ಕೊನೆಗೆ ಧೊಪ್ಪನೆ ನೆಲಕ್ಕೆ. “ಬೆನ್ನು ಮುರಿಯಲ್ವಾ!” ಅಂತ ತಮ್ಮ ಎದ್ದು ಕೂತ. ಹೀರೋನ ಕತ್ತಿಗೆ ಅಷ್ಟು ಬಲ ಇದೆ ಅಂತ ನಾವು ನಂಬುವುದೇ ಇವರು ಬೀಳುವುದನ್ನು ನೋಡಿ ಅಲ್ವಾ? ಇಷ್ಟು ವರ್ಷ ಗೆದ್ದವನನ್ನೇ ನೋಡ್ತಾ ಬಂದಿದ್ದೇವೆ.

ರಾತ್ರಿ ‘ಉಜುಮಾಸಾ ಲೈಮ್‌ಲೈಟ್’ ನೋಡಿದೆವು. 2014ರ ಸಿನಿಮಾ. 70 ದಾಟಿದ ಮೇಲೆ ಅವರಿಗೆ ಸಿಕ್ಕ ಮೊದಲ ನಾಯಕನ ಪಾತ್ರ. ಅದರಲ್ಲೂ ಅವರು ಸಾಯುವ ನಟನೇ. ಧಾರಾವಾಹಿ ನಿಂತು ಕೆಲಸ ಕಡಿಮೆಯಾಗುತ್ತದೆ. ಅಂಥ ಹೊತ್ತಲ್ಲೂ ಒಬ್ಬ ಹುಡುಗಿಗೆ ಕತ್ತಿವರಸೆ ಕಲಿಸುತ್ತಾರೆ. ಇದು ಬರೀ ಕತೆ ಅಲ್ಲ. 1969ರಿಂದ ನಡೆದಿದ್ದ ‘ಮಿಟೊ ಕೋಮೊನ್’ ಧಾರಾವಾಹಿ 2011ರಲ್ಲಿ ನಿಂತಿತ್ತು. ಹಳೆ ಕಾಲದ ಕತ್ತಿ ಕತೆಗಳಿಗೆ ಟಿವಿಯಲ್ಲಿ ಜಾಗ ಕಡಿಮೆಯಾಗಿತ್ತು. ‘ಉಜುಮಾಸಾ ಲೈಮ್‌ಲೈಟ್’ ಪಾತ್ರಕ್ಕೆ ಕೆನಡಾದ ಮಾಂಟ್ರಿಯಲ್‌ನ ಫ್ಯಾಂಟೇಸಿಯಾ ಚಿತ್ರೋತ್ಸವದಲ್ಲಿ ಫುಕುಮೊಟೊಗೆ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಓದಿ ನನಗೆ ಗಂಟಲು ಕಟ್ಟಿತು.

2021ರ ಜನವರಿ 1ರಂದು ಅವರು ತೀರಿಕೊಂಡರು. 77 ವರ್ಷ. ಹೋದ ಮೇಲೆ ಪರಿಚಯ ಆಯ್ತಲ್ಲ ಅಂತ ಬೇಜಾರಾಯ್ತು. ಈಗ ಅವರಿರುವ ಹಳೆ ಸಿನಿಮಾಗಳ ಪಟ್ಟಿ ಮಾಡ್ತಾ ಇದ್ದೇವೆ. ಹೀರೋ ಯಾರು ಅಂತ ತಮ್ಮ ಕೇಳುತ್ತಲೂ ಇಲ್ಲ.