ಚೀಟಿ ಅಂಟಿಸಿದ ನಕ್ಷೆ

ನನ್ನ ಜೊತೆ ಓದಿದವರಿಗೆ ಜ್ಞಾಪಕ ಇದ್ದೇ ಇರುತ್ತದೆ, ಎಂಟನೇ ಕ್ಲಾಸಿನ ಹಿಂದಿನ ಗೋಡೆಯಲ್ಲಿ ಒಂದು ದೊಡ್ಡ ಪ್ರಪಂಚದ ನಕ್ಷೆ ತೂಗುತ್ತಿತ್ತು. ಬಟ್ಟೆಗೆ ಅಂಟಿಸಿದ್ದು. ಮೇಲೊಂದು ಕೆಳಗೊಂದು ಮರದ ಕೋಲು. ಸೋವಿಯತ್ ಒಕ್ಕೂಟ ಗುಲಾಬಿ ಬಣ್ಣದಲ್ಲಿ ಯುರೋಪಿನಿಂದ ಹಿಡಿದು ಜಪಾನಿನ ಪಕ್ಕದವರೆಗೂ ಕಾಲು ಚಾಚಿ ಮಲಗಿತ್ತು. ಹಿಂದಿನ ಬೆಂಚಿನವರು ತಲೆ ಒರಗಿಸಿ ಒರಗಿಸಿ ದಕ್ಷಿಣ ಅಮೆರಿಕದ ತುದಿಗೆ ಎಣ್ಣೆ ಹಿಡಿದು ಕಪ್ಪಾಗಿತ್ತು. ಚಿಲಿ ದೇಶ ಎಲ್ಲಿ ಮುಗಿಯುತ್ತದೆ ಅಂತ ನಮ್ಮ ಬ್ಯಾಚಿನ ಯಾರಿಗೂ ಗೊತ್ತಿರಲಿಲ್ಲ.

ಆ ನಕ್ಷೆ ನಮಗಿಂತ ಹಳೆಯದು. ಜಿಂಬಾಬ್ವೆ ಇರಬೇಕಾದ ಕಡೆ ರೊಡೇಷಿಯಾ ಅಂತ ಅಚ್ಚಾಗಿತ್ತು, ಅದರ ಮೇಲೆ ಒಂದು ಚೀಟಿ. 1980ರಲ್ಲಿ ಅಂಟಿಸಿದ್ದಿರಬೇಕು, ನಾವು ನೋಡುವ ಹೊತ್ತಿಗೆ ಹಳದಿಯಾಗಿತ್ತು. ಅಪ್ಪರ್ ವೋಲ್ಟಾ ಮೇಲೆ ಬುರ್ಕಿನಾ ಫಾಸೋ ಚೀಟಿ, 1984ರದ್ದು. ಅದರ ರಾಜಧಾನಿ ವಾಗಡುಗು ಅಂತ ಹೇಳೋದಕ್ಕೆ ನಮಗೆ ಎಷ್ಟು ಖುಷಿ ಅಂದರೆ, ಹಾಜರಿ ಕೂಗುವಾಗ ಒಬ್ಬ "ಪ್ರೆಸೆಂಟ್ ಸರ್" ಬದಲು "ವಾಗಡುಗು ಸರ್" ಅಂದು ಇಡೀ ಪೀರಿಯಡ್ ಹೊರಗೆ ನಿಂತಿದ್ದ.

ಹೊಸ ನಕ್ಷೆ ತರಿಸೋಣ ಅಂತ ನಮ್ಮ ಸಮಾಜ ಮೇಷ್ಟ್ರು ಒಂದು ದಿನವೂ ಹೇಳಲಿಲ್ಲ. ದೇಶದ ಹೆಸರೋ ಗಡಿಯೋ ಬದಲಾದರೆ ಒಂದು ಚೀಟಿ ಬರೆಯೋದು, ಗೋಂದು ಹಚ್ಚಿ ಅಂಟಿಸೋದು, ಅಷ್ಟೇ. ಅಂಟಿಸುವವನು ಯಾಕೆ ಬದಲಾಯಿತು ಅಂತ ಎರಡು ಮಾತು ಹೇಳಬೇಕು. ಸುಮ್ನೆ ಅಂಟಿಸಿ ಬಂದು ಕೂತರೆ ಚೀಟಿ ಕಿತ್ತು ವಾಪಸ್ ಕೊಡುತ್ತಿದ್ದರು.

ನಾವು ಎಂಟನೇ ಕ್ಲಾಸಿಗೆ ಬಂದದ್ದು 1989ರಲ್ಲಿ. ಹತ್ತು ಮುಗಿಸಿದ್ದು 1992ರಲ್ಲಿ. ಈಗ ಯೋಚಿಸಿದರೆ ನಗು ಬರುತ್ತದೆ, ಭೂಗೋಳ ಬಾಯಿಪಾಠ ಮಾಡೋದಕ್ಕೆ ಅದಕ್ಕಿಂತ ಕೆಟ್ಟ ಕಾಲ ಇನ್ನೊಂದಿಲ್ಲ! ಬರ್ಮಾ ಹೋಗಿ ಮ್ಯಾನ್ಮಾರ್ ಬಂತು. ನವೆಂಬರ್ 9ಕ್ಕೆ ಬರ್ಲಿನ್ ಗೋಡೆ ಬಿತ್ತು. ಮುಂದಿನ ಮೇ ತಿಂಗಳಲ್ಲಿ ಎರಡು ಯೆಮೆನ್ ಸೇರಿ ಒಂದಾದವು. ಹೆಸರಾದರೆ ಚೀಟಿ ಸಾಕು, ಗಡಿ ಅಳಿಸೋದು ಹೇಗೆ? ಬಿಳಿ ಕಾಗದದ ಸಣ್ಣ ಪಟ್ಟಿ ಕತ್ತರಿಸಿ ಗೆರೆಯ ಮೇಲೆ ಹಚ್ಚಿದೆವು. ಅರೇಬಿಯಾದ ಕಾಲಿಗೆ ಬ್ಯಾಂಡೇಜು ಕಟ್ಟಿದ ಹಾಗೆ ಕಾಣುತ್ತಿತ್ತು.

1990ರ ಮಾರ್ಚ್‌ನಲ್ಲಿ ಸ್ವತಂತ್ರವಾದ ನಮೀಬಿಯಾದ ಚೀಟಿ ನನ್ನದು. ಅಂಟಿಸುತ್ತಿದ್ದಾಗ ಮೇಷ್ಟ್ರು, "ಅಲ್ಲಿ ಬಲಗಡೆ ಒಂದು ಬೆರಳು ಚಾಚಿದೆ ನೋಡು, ಅದು ಯಾಕೆ?" ಅಂದರು. ಹೌದು, ದೇಶದ ಈಶಾನ್ಯ ಮೂಲೆಯಿಂದ ಸಪೂರವಾದ ಒಂದು ಪಟ್ಟಿ ಸುಮಾರು 450 ಕಿಲೋಮೀಟರ್ ಪೂರ್ವಕ್ಕೆ ಹೋಗುತ್ತದೆ. ನದಿ ಇರಬಹುದು ಅಂದೆ. ಅವರು ನಕ್ಕರು. ಆಗ ಅದು ಜರ್ಮನಿಯ ವಸಾಹತು. ಜರ್ಮನಿಗೆ ಜಾಂಬೆಜಿ ನದಿ ಮುಟ್ಟಬೇಕಿತ್ತು, ನದಿ ಹಿಡಿದು ಹೋದರೆ ಹಿಂದೂ ಮಹಾಸಾಗರ ಸಿಗುತ್ತದಲ್ಲ ಅನ್ನೋ ಲೆಕ್ಕ. 1890ರಲ್ಲಿ ಬ್ರಿಟನ್ ಜೊತೆ ಒಪ್ಪಂದವಾಯಿತು, ಜಾಂಜಿಬಾರ್ ಮೇಲಿನ ಹಕ್ಕಿನ ಮಾತು ಬಿಟ್ಟು ಈ ಪಟ್ಟಿಯನ್ನೂ ಉತ್ತರ ಸಮುದ್ರದ ಹೆಲಿಗೋಲ್ಯಾಂಡ್ ದ್ವೀಪವನ್ನೂ ತಗೊಂಡರು. ಜರ್ಮನಿಯ ಚಾನ್ಸಲರ್ ಲಿಯೋ ಫಾನ್ ಕಾಪ್ರಿವಿ ಹೆಸರೇ ಪಟ್ಟಿಗೂ ಬಂತು. "ಸರಿ, ಈಗ ದೋಣಿ ಬಿಡು" ಅಂದರು ಮೇಷ್ಟ್ರು. ನಾನು ಜಾಂಬೆಜಿ ಗುಂಟ ಬೆರಳು ಜಾರಿಸಿದೆ. ಸ್ವಲ್ಪ ದೂರ ಹೋಗುವಷ್ಟರಲ್ಲಿ ಸಣ್ಣ ಅಕ್ಷರದಲ್ಲಿ ವಿಕ್ಟೋರಿಯಾ ಜಲಪಾತ ಅಂತಿತ್ತು. ನೂರು ಮೀಟರಿಗೂ ಮೇಲಿನ ಎತ್ತರದಿಂದ ನೀರು ಬೀಳುವ ಜಾಗ. ಇಡೀ ಕ್ಲಾಸು ಹೋ ಅಂತು. ನಾನು ಬೆರಳು ಅಲ್ಲೇ ಇಟ್ಟುಕೊಂಡು ನಿಂತಿದ್ದೆ.

ಆಫ್ರಿಕಾದ ಗೆರೆಗಳ ಕಥೆಯೇ ಹೀಗೆ. 1884-85ರಲ್ಲಿ ಬರ್ಲಿನ್‌ನಲ್ಲಿ ಯುರೋಪಿನವರು ಕೂತು ಆಫ್ರಿಕಾ ಹಂಚಿಕೊಳ್ಳುವ ನಿಯಮ ಮಾಡಿದಾಗ ಆ ಮೇಜಿನ ಸುತ್ತ ಒಬ್ಬ ಆಫ್ರಿಕನ್ನನೂ ಇರಲಿಲ್ಲ. ಈಜಿಪ್ಟ್ ಮತ್ತು ಸುಡಾನ್ ನಡುವೆ ಬ್ರಿಟಿಷರು 1899ರಲ್ಲಿ ಒಂದು ಗೆರೆ ಎಳೆದರು, 1902ರಲ್ಲಿ ಇನ್ನೊಂದು. ಎರಡರ ಮಧ್ಯೆ ಬೀರ್ ತವೀಲ್ ಅನ್ನೋ ಮರಳುಗಾಡಿನ ತುಂಡು ಸಿಕ್ಕಿಕೊಂಡಿದೆ. ಅದನ್ನು ತನ್ನದು ಅಂದರೆ ಸಮುದ್ರದ ಪಕ್ಕದ ಒಳ್ಳೆಯ ಜಾಗ, ಹಲಾಯಿಬ್, ಬಿಟ್ಟುಕೊಟ್ಟ ಹಾಗಾಗುತ್ತದೆ. ಹಾಗಾಗಿ ಇಬ್ಬರಿಗೂ ಬೇಡ. ಗಡಿಗಾಗಿ ಬಡಿದಾಡುವ ಪ್ರಪಂಚದಲ್ಲಿ "ನಮಗೆ ಬೇಡಪ್ಪ" ಅನ್ನೋ ಜಾಗವೂ ಇದೆ ಅಂದರೆ ನಂಬೋದು ಕಷ್ಟ ಅಲ್ವಾ?

ಇನ್ನು ಕ್ವಿಜ್ ವಿಷಯ. 1991ರ ಆಗಸ್ಟಿನಲ್ಲಿ ಬೇರೆ ಶಾಲೆಯೊಂದರಲ್ಲಿ ಸ್ಪರ್ಧೆ. ಕೊನೆಯ ಸುತ್ತು, ಒಂದು ಉತ್ತರಕ್ಕೆ ಗೆಲುವು. "ಜರ್ಮನಿಯ ರಾಜಧಾನಿ?" ನಾನು ಗಂಟೆ ಒತ್ತಿ "ಬರ್ಲಿನ್" ಅಂದೆ. ಪ್ರಶ್ನೆ ಕೇಳುವವರು ಕೈಯಲ್ಲಿದ್ದ ಕಾರ್ಡ್ ನೋಡಿ "ತಪ್ಪು, ಬಾನ್" ಅಂದರು. ಪಕ್ಕದ ಶಾಲೆಗೆ ಕಪ್ ಹೋಯಿತು. ಬಸ್ಸಿನಲ್ಲಿ ನಾನು ಅಳುತ್ತಲೇ ಬಂದೆ, ಸುಳ್ಳು ಯಾಕೆ ಹೇಳಲಿ. ಮೇಷ್ಟ್ರು ಸಮಾಧಾನ ಮಾಡುತ್ತಾರೆ ಅಂದುಕೊಂಡರೆ ಅವರು, "ಅವರ ಕಾರ್ಡು ಹಳೇದು, ನಿನ್ನ ಉತ್ತರ ಸರಿ. ಆದರೆ ಜರ್ಮನಿ ಸರ್ಕಾರ ಈಗ ಎಲ್ಲಿ ಕೂತಿದೆ ಹೇಳು" ಅಂದರು. ನಾನು ಬಾಯಿ ಬಿಡಲಿಲ್ಲ. 1990ರ ಅಕ್ಟೋಬರ್ 3ಕ್ಕೆ ಎರಡು ಜರ್ಮನಿ ಒಂದಾದಾಗ ರಾಜಧಾನಿ ಬರ್ಲಿನ್ ಅಂತ ಬರೆದರು, ನಿಜ. ಸಂಸತ್ತು, ಸರ್ಕಾರ ಮಾತ್ರ ಪಶ್ಚಿಮ ಜರ್ಮನಿಯ ರಾಜಧಾನಿಯಾಗಿದ್ದ ಬಾನ್‌ನಲ್ಲೇ ಇದ್ದವು. ಬರ್ಲಿನ್‌ಗೆ ಹೋಗೋದೋ ಬೇಡವೋ ಅಂತ 1991ರ ಜೂನ್ ತಿಂಗಳಲ್ಲಿ ಮತಕ್ಕೆ ಹಾಕಿದಾಗ 338 ಹೌದು, 320 ಬೇಡ. ನಿಜವಾಗಿ ಹೋಗಿದ್ದು 1999ರಲ್ಲಿ. ಅಳು ನಿಂತಿತು, ಸಿಟ್ಟು ಜಾಸ್ತಿಯಾಯಿತು.

ಅದೇ 1991ರ ಜೂನ್‌ನಲ್ಲೇ ಯುಗೊಸ್ಲಾವಿಯಾದಲ್ಲಿದ್ದ ಸ್ಲೊವೇನಿಯಾ, ಕ್ರೊಯೇಷಿಯಾ ಸ್ವತಂತ್ರ ಅಂತ ಸಾರಿಕೊಂಡಿದ್ದವು. ನಾವು ಗೋಂದಿನ ಬಾಟಲಿ ಹಿಡಿದು ಎದ್ದರೆ ಮೇಷ್ಟ್ರು ತಡೆದರು. "ಸದ್ಯಕ್ಕೆ ಪೆನ್ಸಿಲ್. ವಿಶ್ವಸಂಸ್ಥೆ ಸೇರಿಸಿಕೊಳ್ಳಲಿ, ಆಮೇಲೆ ಗೋಂದು." ಹಿಂದಿನಿಂದ ಒಬ್ಬಳು ಎದ್ದು ಕೇಳಿದಳು, "ಸರ್, ಸ್ವಿಟ್ಜರ್ಲೆಂಡ್ ವಿಶ್ವಸಂಸ್ಥೆಯಲ್ಲಿ ಇಲ್ಲವಲ್ಲ, ಹಾಗಾದರೆ ಅದು ದೇಶ ಅಲ್ವಾ?" ಮೇಷ್ಟ್ರು ಕನ್ನಡಕ ತೆಗೆದು ಒರೆಸಿಕೊಂಡರು. ಉತ್ತರ ಹೊಳೆಯದಿದ್ದಾಗ ಅವರು ಮಾಡುತ್ತಿದ್ದುದೇ ಅದು. ಸ್ವಿಟ್ಜರ್ಲೆಂಡ್ ಸೇರಿದ್ದು 2002ರಲ್ಲಿ. ಅವತ್ತು ಅವರು ಅಂದಿದ್ದು ಇಷ್ಟೇ, "ಅದರ ಚೀಟಿ ನಾವು ಅಂಟಿಸಿದ್ದಲ್ಲಮ್ಮ, ಅಚ್ಚಾಗೇ ಬಂದಿದೆ." ನಾವೆಲ್ಲ ನಕ್ಕೆವು. ಅವಳು ನಗಲಿಲ್ಲ. ಅವಳ ಪ್ರಶ್ನೆಯೇ ಸರಿ ಇತ್ತು ಅಂತ ನನಗೆ ಇವತ್ತಿಗೂ ಅನಿಸುತ್ತದೆ. ಸೋವಿಯತ್ ಒಕ್ಕೂಟದೊಳಗೇ ಇದ್ದ ಉಕ್ರೇನ್, ಬೆಲಾರುಸ್‌ಗೆ 1945ರಿಂದಲೂ ವಿಶ್ವಸಂಸ್ಥೆಯಲ್ಲಿ ಬೇರೆ ಬೇರೆ ಕುರ್ಚಿ ಇತ್ತು. ಸ್ವಂತ ಸರ್ಕಾರ, ಸೈನ್ಯ, ನೋಟು ಎಲ್ಲ ಇದ್ದ ಸ್ವಿಟ್ಜರ್ಲೆಂಡ್‌ಗೆ ಇರಲಿಲ್ಲ.

1991ರ ಡಿಸೆಂಬರ್ 25ಕ್ಕೆ ಸೋವಿಯತ್ ಅಧ್ಯಕ್ಷ ಗೋರ್ಬಚೇವ್ ರಾಜೀನಾಮೆ ಕೊಟ್ಟರು, ಒಕ್ಕೂಟ ಒಡೆದು ಹೋಯಿತು, ಗುಲಾಬಿ ಬಣ್ಣದ ಮೇಲೆ ಹದಿನೈದು ಹೆಸರು ಬರೆಯಬೇಕಾಯಿತು. ಬಾಲ್ಟಿಕ್‌ನ ಮೂರು ದೇಶಗಳು ಸೆಪ್ಟೆಂಬರ್‌ನಲ್ಲೇ ಗೋಂದು ಕಂಡಿದ್ದವು. ಉಜ್ಬೇಕಿಸ್ತಾನ್, ಅರ್ಮೇನಿಯಾ ಮುಂತಾದವಕ್ಕೆ 1992ರ ಮಾರ್ಚ್ 2ರಂದು ಸದಸ್ಯತ್ವ ಸಿಕ್ಕಿತು, ಪರೀಕ್ಷೆ ತಲೆ ಮೇಲೆ ಇದ್ದರೂ ನಾವು ಚೀಟಿ ಬರೆಯುತ್ತ ಕೂತೆವು. ಅರ್ಮೇನಿಯಾ ಎಷ್ಟು ಚಿಕ್ಕದು ಅಂದರೆ ಅದರ ಚೀಟಿ ಟರ್ಕಿಯ ಅರ್ಧಕ್ಕೆ ಅಡ್ಡ ಬಂತು. ಉಜ್ಬೇಕಿಸ್ತಾನ್ ಅಂಟಿಸಿದವನಿಗೆ, ಅಲ್ಲಿಂದ ಸಮುದ್ರಕ್ಕೆ ಹೋಗಲು ಎಷ್ಟು ದೇಶ ದಾಟಬೇಕು ಅಂತ ಪ್ರಶ್ನೆ. ಯಾವ ಕಡೆ ಹೊರಟರೂ ಕಡಿಮೆ ಅಂದರೆ ಎರಡು. ಅಂಥದ್ದು ಪ್ರಪಂಚದಲ್ಲಿ ಅದು ಬಿಟ್ಟರೆ ಲಿಕ್ಟನ್‌ಸ್ಟೈನ್ ಮಾತ್ರ. ಜಾರ್ಜಿಯಾಕ್ಕೆ ಸದಸ್ಯತ್ವ ಬಂದಿದ್ದು ಜುಲೈನಲ್ಲಿ. ಅಷ್ಟರಲ್ಲಿ ನಾವು ಶಾಲೆ ಬಿಟ್ಟಾಗಿತ್ತು. ನಮ್ಮ ಕಣ್ಣಲ್ಲಿ ಅದು ಪೆನ್ಸಿಲ್‌ನಲ್ಲೇ ಉಳಿಯಿತು.

ಮೊನ್ನೆ ಹಳೆಯ ವಿದ್ಯಾರ್ಥಿಗಳ ಸಭೆಗೆ ಬಂದಾಗ ಆ ಕೋಣೆಗೆ ಹೋದೆ. ನಕ್ಷೆ ಹೊಸದು, ಹೊಳೆಯುವ ಪ್ಲಾಸ್ಟಿಕ್. ದಕ್ಷಿಣ ಸುಡಾನ್ ಇದೆ, ಸ್ವಾಜಿಲ್ಯಾಂಡ್ ಇನ್ನೂ ಎಸ್ವಾಟಿನಿ ಆಗಿಲ್ಲ. ಒಂಬತ್ತನೇ ಕ್ಲಾಸಿನ ನಾಲ್ಕೈದು ಮಕ್ಕಳಿದ್ದರು. ಹಳೇ ಚಾಳಿ, ಕಜಕಿಸ್ತಾನದ ರಾಜಧಾನಿ ತೋರಿಸಿ, "ಇದು ಅಸ್ತಾನಾ ಅಂತಿದೆ ನೋಡಿ, ಹಳೇ ನಕ್ಷೆ, 2019ರಲ್ಲೇ ನೂರ್-ಸುಲ್ತಾನ್ ಅಂತ ಬದಲಾಯಿಸಿದ್ದಾರೆ" ಅಂದೆ, ಸ್ವಲ್ಪ ಜಂಬದಿಂದಲೇ.

ಒಬ್ಬಳು ಹುಡುಗಿ ಮೆತ್ತಗೆ ಹೇಳಿದಳು, "ಸರ್, 2022ರಲ್ಲಿ ಅದನ್ನ ಮತ್ತೆ ಅಸ್ತಾನಾ ಮಾಡಿದ್ರಲ್ವಾ."

ನಾನು ಕನ್ನಡಕ ತೆಗೆದು ಒರೆಸಿಕೊಂಡೆ.