ಹಬ್ಬದ ಹಳೇ ರೀಲಿಗೆ ವರ್ಷ ಹಿಡಿಯುವುದು ಹೇಗೆ

ಹಳೇ ಫಿಲ್ಮ್‌ಗಳನ್ನು ನೋಡಿ, ಅದು ಯಾವ ಊರು, ಯಾವ ವರ್ಷ, ಏನು ನಡೀತಿದೆ ಎಂದು ವಿವರ ಬರೆದಿಡುವುದು ನನ್ನ ಕೆಲಸ. ಮೂಕಿ ಕಾಲದ ಹಬ್ಬದ ರೀಲು ಬಂದರೆ ಖುಷಿ ಜಾಸ್ತಿ, ಕಷ್ಟವೂ ಜಾಸ್ತಿ. ಊರು ಬೇಗ ಗೊತ್ತಾಗುತ್ತದೆ. ವರ್ಷ ಗೊತ್ತಾಗುವುದಿಲ್ಲ. ಹಬ್ಬ ವರ್ಷ ವರ್ಷವೂ ಬರುತ್ತದೆ. ಅದೇ ಬೀದಿ, ಅದೇ ಮೆರವಣಿಗೆ, ಅದೇ ಜನಜಂಗುಳಿ ಅಲ್ವಾ?

ಹೊಸದಾಗಿ ಕೆಲಸಕ್ಕೆ ಸೇರಿದವರಿಗೆ ನಾನು ಮೊದಲು ತೋರಿಸುವುದು ಅಮೆರಿಕದ ನ್ಯೂ ಆರ್ಲಿಯನ್ಸ್‌ನ ಮಾರ್ಡಿ ಗ್ರಾ ಹಬ್ಬದ ರೀಲು. 1898ರಲ್ಲಿ ಅಮೆರಿಕನ್ ಮ್ಯೂಟೋಸ್ಕೋಪ್ ಕಂಪನಿ ಅಲ್ಲಿನ ರೆಕ್ಸ್ ಎಂಬ ಹಬ್ಬದ ಸಂಘದ ಮೆರವಣಿಗೆಯನ್ನು ಸೆರೆಹಿಡಿಯಿತು. ಇರುವುದು ಸುಮಾರು ಎರಡೇ ನಿಮಿಷ. ಆದರೂ ಆ ಊರಿನದು ಎಂದು ಈಗ ಗೊತ್ತಿರುವ ಚಲನಚಿತ್ರಗಳಲ್ಲಿ ಇದೇ ಎಲ್ಲಕ್ಕಿಂತ ಹಳೆಯದು. ಬಹಳ ಕಾಲ ಇದು ಕಳೆದೇಹೋಯಿತು ಎಂದುಕೊಂಡಿದ್ದರು. 2022ರಲ್ಲಿ ಪತ್ತೆಯಾದ ಸುದ್ದಿ ಬಂತು. ಸಿಕ್ಕಿದ್ದು ಅಮೆರಿಕದಲ್ಲಲ್ಲ, ಆಮ್‌ಸ್ಟರ್‌ಡ್ಯಾಮ್‌ನ ಐ ಫಿಲ್ಮ್ ಮ್ಯೂಸಿಯಂನಲ್ಲಿ! ಅದೇ ವರ್ಷ ಅಮೆರಿಕದ ರಾಷ್ಟ್ರೀಯ ಫಿಲ್ಮ್ ಪಟ್ಟಿಗೂ ಸೇರಿತು.

ಆ ಕಂಪನಿ ಬಳಸುತ್ತಿದ್ದದ್ದು 68 ಮಿ.ಮೀ. ಫಿಲ್ಮ್. ಮಾಮೂಲಿ 35 ಮಿ.ಮೀ.ಗಿಂತ ಎಷ್ಟೋ ಅಗಲ. ಹಾಗಾಗಿ ರಥಗಳ ಅಲಂಕಾರ ಸ್ಪಷ್ಟವಾಗಿ ಕಾಣುತ್ತದೆ. ನಮ್ಮ ಕೆಲಸಕ್ಕೆ ಬೇಕಾದ್ದು ಇದೇ. ರೆಕ್ಸ್ ಮೆರವಣಿಗೆಗೆ ಪ್ರತಿವರ್ಷ ಬೇರೆ ಬೇರೆ ವಿಷಯ ಇರುತ್ತದೆ. 1898ರದು ಸುಗ್ಗಿಯ ರಾಣಿಯರು. ಅನಾನಸ್ ವೇಷದ ರಥ ಸುಮ್ನೆ ಬಂದದ್ದಲ್ಲ! ಇನ್ನೊಂದು ರಥದ ಮೇಲೆ ಜೀವಂತ ಎತ್ತು ನಿಂತಿದೆ. ಈಗಿನ ಮೆರವಣಿಗೆಯಲ್ಲಿ ಅದರ ಜಾಗದಲ್ಲಿರುವುದು ಕಾಗದದ ಎತ್ತು.

ಹಬ್ಬದಲ್ಲಿ ಎಂದಿಗೂ ಬದಲಾಗದ್ದು ಊರನ್ನು ಹೇಳುತ್ತದೆ, ಬದಲಾದದ್ದು ವರ್ಷವನ್ನು ಹೇಳುತ್ತದೆ. ನಮ್ಮ ಮೈಸೂರು ದಸರೆಯನ್ನೇ ನೋಡಿ. ಅಂಬಾರಿಯಲ್ಲಿ ಮಹಾರಾಜರು ಕೂತಿದ್ದರೆ ಒಂದು ಕಾಲ, ಚಾಮುಂಡೇಶ್ವರಿ ವಿಗ್ರಹ ಇದ್ದರೆ ಇನ್ನೊಂದು ಕಾಲ. ಆನೆ ಮಾತ್ರ ನೋಡಿ 'ಜಂಬೂಸವಾರಿ' ಎಂದು ಬರೆದು ಮುಂದೆ ಹೋದರೆ ಈ ಸುಳಿವು ಕೈತಪ್ಪುತ್ತದೆ.

ಇನ್ನು, ಹಬ್ಬ ಮಾಡುವವರನ್ನೇ ಕೇಳಬೇಕು. ಈ ರೀಲಿನ ಬೆನ್ನು ಹತ್ತಿದ್ದೂ ರೆಕ್ಸ್ ಮೆರವಣಿಗೆಯ ಚರಿತ್ರೆ ಬಲ್ಲವರೇ. ಯಾವ ವರ್ಷ ಯಾವ ರಥ ಹೊರಟಿತ್ತು ಎಂಬುದು ಅಂಥವರ ಕಡತದಲ್ಲಿರುತ್ತದೆ, ಫಿಲ್ಮ್ ಡಬ್ಬಿಯ ಮೇಲೆ ಇರುವುದಿಲ್ಲ. ಹೊಸಬರಿಗೆ ಪಟ್ಟಿಯಲ್ಲಿ 'ಆ ವರ್ಷ ಮಾತ್ರ ಇದ್ದದ್ದು' ಎಂಬ ಕಾಲಂ ಮೊದಲು ತುಂಬಲು ಹೇಳುತ್ತೇನೆ. ವೇಷ, ಬಾವುಟ, ಕಮಾನು, ಅಂಗಡಿಯ ಬೋರ್ಡು, ಏನಿದ್ದರೂ ಸರಿ. ಹಬ್ಬದ ಹೆಸರನ್ನು ಆಮೇಲೆ ಬರೆದರೂ ನಡೆಯುತ್ತದೆ.